ಒಂದಂಗುಲ ನೀರಿಗೆ ಎರಡೂವರೆ ಕ್ವಿಂಟಲ್: ಜಿಪ್ಸಂ ಕರಗುವ ಲೆಕ್ಕ

(ಗ್ರಾಮಸೇವಕರಿಂದ)



ಹೋದ ವರ್ಷ ಸುಗ್ಗಿ ಮುಗಿದ ಮೇಲೆ ಕುಸನೂರಿನ ಹಿರಿಯ ರೈತರೊಬ್ಬರು ನನ್ನನ್ನು ದಾರಿಯಲ್ಲಿಯೇ ತಡೆದು ನಿಲ್ಲಿಸಿದರು. "ತಮ್ಮಾ, ನೀ ಹೇಳಿದಂಗ ಅರ್ಧ ಎಕರೆಗೆ ಇಪ್ಪತ್ತು ಚೀಲ ಜಿಪ್ಸಂ ಹಾಕೀನಿ. ಹೊಲ ಹ್ಯಾಂಗಿತ್ತೋ ಹಂಗೇ ಅದ. ರೊಕ್ಕ ಮಣ್ಣಾಗ ಹೋಯ್ತು" ಎಂದರು. ಸಿಟ್ಟಿನಿಂದ ಹೇಳಿದ ಮಾತಲ್ಲ, ನೊಂದು ಹೇಳಿದ ಮಾತು. ಆ ತುಂಡಿನಲ್ಲಿ ತೊಗರಿ ಮೊಳಕಾಲೆತ್ತರಕ್ಕೆ ಬಂದು ಹಳದಿಯಾಗಿ ನಿಂತುಬಿಟ್ಟಿತ್ತು. ಮಳೆ ಬಂದರೆ ಮೂರು ದಿನ ನೀರು ಇಂಗುತ್ತಿರಲಿಲ್ಲ.

ಇಬ್ಬರೂ ಕೂಡಿ ಹೊಲಕ್ಕೆ ಹೋಗಿ ಸಲಿಕೆಯಿಂದ ಅಗೆದು ನೋಡಿದೆವು. ಮೂರು ಬೆರಳು ಆಳದಲ್ಲಿ ಬಿಳಿಯ ಪುಡಿಯ ಗಂಟುಗಳು ಕಣ್ಣಿಗೆ ಬಿದ್ದವು. ಒಂದನ್ನು ಬೆರಳಲ್ಲಿ ಉಜ್ಜಿ ನೋಡಿದೆ. ಅದು ನಾವು ಹಾಕಿದ ಜಿಪ್ಸಮ್ಮೇ. ಎಂಟು ತಿಂಗಳಾದರೂ ಬಹಳಷ್ಟು ಕರಗದೆ ಹಾಗೆಯೇ ಕುಳಿತಿತ್ತು. ಔಷಧದ ಗುಳಿಗೆಯನ್ನು ಬಾಯಲ್ಲಿಟ್ಟುಕೊಂಡು ನುಂಗದೆ ಇದ್ದರೆ ರೋಗ ಹೇಗೆ ವಾಸಿಯಾದೀತು?

ಇದರಲ್ಲಿ ತಪ್ಪು ನನ್ನದು. ಎಷ್ಟು ಚೀಲ ಹಾಕಬೇಕೆಂದು ಹೇಳಿದ್ದೆ, ಎಷ್ಟು ನೀರು ಕೊಡಬೇಕೆಂದು ಹೇಳಿರಲಿಲ್ಲ. ಕೃಷಿ ಡಿಪ್ಲೊಮಾ ಓದುವಾಗ ಈ ಲೆಕ್ಕವನ್ನು ಪರೀಕ್ಷೆಗಾಗಿ ಬಾಯಿಪಾಠ ಮಾಡಿದ್ದೆನೇ ಹೊರತು ಹೊಲಕ್ಕೆ ಹೊಂದಿಸಿ ನೋಡಿರಲಿಲ್ಲ. ಆ ಲೆಕ್ಕವನ್ನೇ ಈ ಸಲ ನಿಮ್ಮ ಮುಂದೆ ಇಡುತ್ತಿದ್ದೇನೆ. ಕೂಡುವುದು ಗುಣಿಸುವುದು ಬಂದರೆ ಸಾಕು, ಯಾರಾದರೂ ಮಾಡಬಹುದು.

ಯಾವ ಭೂಮಿಗೆ ಜಿಪ್ಸಂ?

ಮೊದಲು ಒಂದು ಮಾತನ್ನು ಸ್ಪಷ್ಟ ಮಾಡಿಕೊಳ್ಳೋಣ. ಉಪ್ಪಿನಿಂದ ಕೆಟ್ಟ ಭೂಮಿಯಲ್ಲಿ ಎರಡು ಜಾತಿ. ಮೇಲೆ ಬಿಳಿ ಉಪ್ಪು ಅರಳಿ ನಿಲ್ಲುವ ಭೂಮಿ ಸವಳು. ಇದರಲ್ಲಿ ಉಪ್ಪು ಹೆಚ್ಚಿದ್ದರೂ ಸಾಮಾನ್ಯವಾಗಿ ನೀರು ಇಂಗುತ್ತದೆ. ಬಸಿಗಾಲುವೆ ತೆಗೆದು ಒಳ್ಳೆಯ ನೀರಿನಿಂದ ತೊಳೆದರೆ ಗುಣವಾಗುತ್ತದೆ, ಜಿಪ್ಸಂ ಬೇಡ. ಎರಡನೆಯದು ಕರಲು ಭೂಮಿ. ಇದರಲ್ಲಿ ಮಣ್ಣಿನ ಕಣಗಳಿಗೆ ಸೋಡಿಯಂ ಅಂಟಿಕೊಂಡಿರುತ್ತದೆ. ಒದ್ದೆಯಾದಾಗ ಮಣ್ಣು ಅಂಟಾಗಿ, ಕಣಗಳು ಬಿಡಿಬಿಡಿಯಾಗಿ, ರಂಧ್ರಗಳೆಲ್ಲ ಮುಚ್ಚಿಹೋಗುತ್ತವೆ. ಒಣಗಿದಾಗ ಕಲ್ಲಿನಂತಾಗುತ್ತದೆ. ಪಿಎಚ್ ಅಂಕ 8.5ಕ್ಕಿಂತ ಮೇಲಿರುತ್ತದೆ. ಜಿಪ್ಸಂ ಬೇಕಾದದ್ದು ಈ ಭೂಮಿಗೆ.

ಮನೆಯಲ್ಲಿಯೇ ಒಂದು ಗುರುತು ನೋಡಬಹುದು. ಗಾಜಿನ ಲೋಟದಲ್ಲಿ ಮಳೆನೀರು ತುಂಬಿ, ಒಣ ಮಣ್ಣಿನ ಸಣ್ಣ ಹೆಂಟೆಯೊಂದನ್ನು ಮೆಲ್ಲಗೆ ಬಿಡಿರಿ. ಅಲುಗಾಡಿಸಬಾರದು. ಮರುದಿನ ಹೆಂಟೆಯ ಸುತ್ತ ನೀರು ಹಾಲು ಬೆರೆತಂತೆ ಕದಡಿದ್ದರೆ ಸೋಡಿಯಂ ಇರುವ ಸಂಶಯ ಪಡಬೇಕು. ಹೆಂಟೆ ಒಡೆದು ಬಿದ್ದರೂ ನೀರು ತಿಳಿಯಾಗಿಯೇ ಇದ್ದರೆ ಚಿಂತೆ ಕಡಿಮೆ. ಇದು ಸಂಶಯಕ್ಕೆ ಮಾತ್ರ, ನಿಶ್ಚಯಕ್ಕೆ ಮಣ್ಣು ಪರೀಕ್ಷೆಯೇ ಆಗಬೇಕು.

ಜಿಪ್ಸಂ ಎಂದರೆ ಕ್ಯಾಲ್ಸಿಯಂ, ಸಲ್ಫೇಟ್ ಮತ್ತು ಸ್ವಲ್ಪ ನೀರು ಕೂಡಿದ ಉಪ್ಪು. ಅದು ಕರಗಿದಾಗ ಕ್ಯಾಲ್ಸಿಯಂ ಬಿಡುಗಡೆಯಾಗುತ್ತದೆ. ಒಂದು ಕ್ಯಾಲ್ಸಿಯಂ ಮಣ್ಣಿನ ಕಣದ ಮೇಲೆ ಕುಳಿತು ಎರಡು ಸೋಡಿಯಮ್ಮನ್ನು ಎಬ್ಬಿಸಿ ಕಳಿಸುತ್ತದೆ. ಎದ್ದ ಸೋಡಿಯಂ ನೀರಿನೊಡನೆ ಕೆಳಗೆ ಬಸಿದು ಹೋಗಬೇಕು. ಈ ಕೆಲಸವೆಲ್ಲ ಕರಗಿದ ಜಿಪ್ಸಮ್ಮಿನದು. ಕರಗದ ಜಿಪ್ಸಂ ಬರೀ ಬಿಳಿ ಮಣ್ಣು.

ಕರಗುವುದಕ್ಕೂ ಒಂದು ಮಿತಿ

ಅಡಿಗೆ ಉಪ್ಪನ್ನು ಒಂದು ಲೀಟರ್ ನೀರಿಗೆ ಹಾಕಿದರೆ ಮುನ್ನೂರು ಗ್ರಾಮಿಗಿಂತ ಹೆಚ್ಚೇ ಕರಗುತ್ತದೆ. ಜಿಪ್ಸಂ ಹಾಗಲ್ಲ. ಅದು ಸ್ವಲ್ಪವೇ ಕರಗುವ ಜಾತಿ. ಸ್ವಲ್ಪ ಕರಗಿದ ಮೇಲೆ ಎಷ್ಟು ಕದಡಿದರೂ ಉಳಿದದ್ದು ತಳದಲ್ಲಿಯೇ ನಿಲ್ಲುತ್ತದೆ. ಇದಕ್ಕೆ ಕಾರಣ ತಿಳಿಯಬೇಕಾದರೆ ನೀರಿನೊಳಗೆ ಏನು ನಡೆಯುತ್ತದೆಂದು ನೋಡಬೇಕು.

ಕಲಬುರಗಿಯ ಶರಣಬಸವೇಶ್ವರ ಜಾತ್ರೆಯನ್ನು ನೆನೆಯಿರಿ. ಒಂದು ಊರಿನ 5 ಮಂದಿ, ಅವರ ಬೀಗರ ಊರಿನ 5 ಮಂದಿ ಜಾತ್ರೆಯಲ್ಲಿ ತಿರುಗಾಡುತ್ತಿದ್ದಾರೆ. ಈ ಊರಿನವರೊಬ್ಬರು ಆ ಊರಿನವರೊಬ್ಬರನ್ನು ಎದುರಾಗುವ ದಾರಿ ಎಷ್ಟು? 5 ಗುಣಿಲೆ 5, ಅಂದರೆ 25. ಈ ಕಡೆಯವರು 10 ಮಂದಿಯಾದರೆ 50. ಭೇಟಿಯ ಸಂಭವ ಇಬ್ಬರ ಸಂಖ್ಯೆಗಳನ್ನು ಗುಣಿಸಿದಷ್ಟು, ಕೂಡಿದಷ್ಟಲ್ಲ.

ನೀರಿನಲ್ಲಿ ಕರಗಿದ ಕ್ಯಾಲ್ಸಿಯಂ ಮತ್ತು ಸಲ್ಫೇಟ್ ಕಣಗಳಿಗೆ ಅಯಾನುಗಳು ಎನ್ನುತ್ತಾರೆ. ಇವು ಹೀಗೆಯೇ ತಿರುಗಾಡುತ್ತ ಆಗಾಗ ಎದುರಾಗಿ, ಕೂಡಿ, ಮತ್ತೆ ಹರಳಾಗಿ ತಳಕ್ಕೆ ಅಂಟುತ್ತವೆ. ಅದೇ ಹೊತ್ತಿಗೆ ತಳದ ಹರಳಿನಿಂದ ಬೇರೆ ಅಯಾನುಗಳು ಎದ್ದು ನೀರಿಗೆ ಬರುತ್ತವೆ. ಏಳುವವರ ಲೆಕ್ಕವೂ ಕೂಡುವವರ ಲೆಕ್ಕವೂ ಸಮ ಆದಾಗ ನೀರು ತೃಪ್ತವಾಯಿತು ಎನ್ನುತ್ತೇವೆ. ಆ ಸಮತೂಕದಲ್ಲಿ ಕ್ಯಾಲ್ಸಿಯಂ ಸಂಖ್ಯೆಯನ್ನು ಸಲ್ಫೇಟ್ ಸಂಖ್ಯೆಯಿಂದ ಗುಣಿಸಿದರೆ ಬರುವ ಗುಣಲಬ್ಧ, ಉಷ್ಣತೆ ಬದಲಾಗದಿದ್ದರೆ, ಯಾವಾಗಲೂ ಒಂದೇ. ಇದಕ್ಕೆ ಕರಗುವಿಕೆಯ ಗುಣಲಬ್ಧ ಎಂದು ಹೆಸರು. ಪುಸ್ತಕಗಳಲ್ಲಿ ವಿಲೇಯತಾ ಗುಣಲಬ್ಧ ಸ್ಥಿರಾಂಕ ಎಂದು ಬರೆದಿರುತ್ತಾರೆ. ಇದನ್ನು 1889ರಲ್ಲಿ ತೋರಿಸಿಕೊಟ್ಟವರು ಜರ್ಮನಿಯ ವಾಲ್ಟರ್ ನೆರ್ನ್ಸ್ಟ್. ಮುಂದೆ ಬೇರೆ ಸಂಶೋಧನೆಗಾಗಿ 1920ನೇ ಸಾಲಿನ ನೊಬೆಲ್ ಬಹುಮಾನ ಪಡೆದ ವಿಜ್ಞಾನಿ ಅವರೇ.

ಗುಣಲಬ್ಧ ಆ ಮಿತಿಗಿಂತ ಕಡಿಮೆಯಿದ್ದರೆ ಉಪ್ಪು ಇನ್ನೂ ಕರಗುತ್ತದೆ. ಮಿತಿ ಮುಟ್ಟಿದರೆ ನಿಲ್ಲುತ್ತದೆ. ಮಿತಿ ಮೀರಿದರೆ ಉಪ್ಪು ಹರಳಾಗಿ ಬೀಳುತ್ತದೆ. ಗಡುಸು ನೀರು ಕಾಯಿಸುವ ಹಂಡೆಯ ಒಳಗೆ ಬಿಳಿ ಪದರ ಕಟ್ಟುವುದು ಈ ಮೂರನೆಯ ಸಂಗತಿಯಿಂದಲೇ.

ಅಳೆದು ನೋಡಿದೆವು

ಅಯಾನುಗಳನ್ನು ಒಂದೊಂದಾಗಿ ಎಣಿಸಲಾಗದು. ಆದ್ದರಿಂದ ಬಾಳೆಹಣ್ಣನ್ನು ಡಜನ್ನಿನಲ್ಲಿ ಎಣಿಸುವಂತೆ ಇವುಗಳನ್ನು 'ಮೋಲ್' ಎಂಬ ದೊಡ್ಡ ಗುಂಪಿನಲ್ಲಿ ಎಣಿಸುತ್ತಾರೆ. ಅದರ ಸಾವಿರದ ಒಂದು ಭಾಗ ಮಿಲಿಮೋಲ್. ಒಂದು ಮಿಲಿಮೋಲ್ ಜಿಪ್ಸಮ್ಮಿನ ತೂಕ 172 ಮಿಲಿಗ್ರಾಂ. ಅದರಲ್ಲಿ ಕ್ಯಾಲ್ಸಿಯಂ 40, ಸಲ್ಫೇಟ್ 96, ಹರಳಿನೊಳಗಿನ ನೀರು 36. ಇಷ್ಟು ನೆನಪಿದ್ದರೆ ಸಾಕು.

ಪ್ರಯೋಗ ಹೀಗೆ. ಒಂದು ಲೀಟರ್ ಬಟ್ಟಿ ಇಳಿಸಿದ ನೀರಿಗೆ 10 ಗ್ರಾಂ ಶುದ್ಧ ಜಿಪ್ಸಂ ಪುಡಿ ಹಾಕಿ, ಬಿರಡೆ ಮುಚ್ಚಿ, ಒಂದು ದಿನವೆಲ್ಲ ಆಗಾಗ ಅಲುಗಿಸಿದೆವು. ರಾತ್ರಿ ನೆಲೆ ನಿಲ್ಲಲು ಬಿಟ್ಟು ಬೆಳಿಗ್ಗೆ ಶೋಧಿಸಿದೆವು. ಕಾಗದದ ಮೇಲೆ ಉಳಿದ ಪುಡಿಯನ್ನು ನೆರಳಿನಲ್ಲಿಯೇ ಒಣಗಿಸಿದೆವು. ಒಲೆಯ ಮೇಲೆ ಒಣಗಿಸಿದರೆ ಹರಳಿನೊಳಗಿನ ನೀರು ಹಾರಿಹೋಗಿ ತೂಕ ಸುಳ್ಳಾಗುತ್ತದೆ. ತೂಗಿದಾಗ ಸುಮಾರು 7.4 ಗ್ರಾಂ ಬಂತು. ಅಂದರೆ ಒಂದು ಲೀಟರಿನಲ್ಲಿ ಕರಗಿದ್ದು 2.6 ಗ್ರಾಂ.

ಶೋಧಿಸಿದ ತಿಳಿನೀರನ್ನು ಬೇರೆ ರೀತಿಯಿಂದಲೂ ಅಳೆದೆವು. ಪ್ರಯೋಗಶಾಲೆಗಳಲ್ಲಿ ಕ್ಯಾಲ್ಸಿಯಮ್ಮನ್ನು ಒಂದಕ್ಕೊಂದು ಹಿಡಿಯುವ ಇಡಿಟಿಎ ಎಂಬ ದ್ರಾವಣವಿರುತ್ತದೆ. ಲೀಟರಿಗೆ 10 ಮಿಲಿಮೋಲ್ ಇರುವ ಆ ದ್ರಾವಣವನ್ನು ನಮ್ಮ 10 ಮಿಲಿಲೀಟರ್ ತಿಳಿನೀರಿಗೆ ಹನಿಹನಿಯಾಗಿ ಬಿಟ್ಟಾಗ, ಬಣ್ಣ ತಿರುಗುವ ಹೊತ್ತಿಗೆ 15 ಮಿಲಿಲೀಟರ್ ಖರ್ಚಾಯಿತು. ಅಂದರೆ ನಮ್ಮ ನೀರಿನಲ್ಲಿ ಕ್ಯಾಲ್ಸಿಯಂ ಲೀಟರಿಗೆ 15 ಮಿಲಿಮೋಲ್. 15ನ್ನು 172ರಿಂದ ಗುಣಿಸಿದರೆ 2,580 ಮಿಲಿಗ್ರಾಂ. ತೂಕದ ಲೆಕ್ಕಕ್ಕೂ ಹನಿಯ ಲೆಕ್ಕಕ್ಕೂ ತಾಳೆಯಾಯಿತು.

ಪುಸ್ತಕದ ಅಂಕಕ್ಕೂ ನಮ್ಮ ಅಂಕಕ್ಕೂ ಅಂತರವೇಕೆ?

ಈಗ ಗುಣಲಬ್ಧ ತೆಗೆಯೋಣ. ಕ್ಯಾಲ್ಸಿಯಂ 15, ಅದರ ಜೊತೆಯ ಸಲ್ಫೇಟ್ ಸಹ 15. 15 ಗುಣಿಲೆ 15 ಅಂದರೆ 225. ಆದರೆ ಪುಸ್ತಕ ತೆರೆದು ನೋಡಿದರೆ ಜಿಪ್ಸಮ್ಮಿನ ಗುಣಲಬ್ಧ ಸುಮಾರು 0.000025 ಎಂದಿರುತ್ತದೆ. ಇದು ಮೋಲ್ ಲೆಕ್ಕದ ಅಂಕ, ಮಿಲಿಮೋಲಿನಲ್ಲಿ ಹೇಳಿದರೆ 25. ಯಾವ ಸಂಖ್ಯೆಯನ್ನು ಅದರಿಂದಲೇ ಗುಣಿಸಿದರೆ 25 ಬರುತ್ತದೆ? 5. ಹಾಗಾದರೆ ಪುಸ್ತಕದ ಪ್ರಕಾರ ಲೀಟರಿಗೆ 5 ಮಿಲಿಮೋಲ್, ಅಂದರೆ 0.86 ಗ್ರಾಂ ಮಾತ್ರ ಕರಗಬೇಕು. ನಮ್ಮ ಕಣ್ಣೆದುರಿಗೆ ಕರಗಿದ್ದು ಅದರ ಮೂರು ಪಟ್ಟು!

ಪುಸ್ತಕವೂ ಸುಳ್ಳಲ್ಲ, ನಮ್ಮ ತಕ್ಕಡಿಯೂ ಸುಳ್ಳಲ್ಲ. ಮತ್ತೆ ಜಾತ್ರೆಗೆ ಹೋಗೋಣ. ಜಾತ್ರೆಗೆ ಬಂದವರೆಲ್ಲರೂ ಬಿಡಿಯಾಗಿ ತಿರುಗಾಡುವುದಿಲ್ಲ. ಕೆಲವರು ಆಗಲೇ ಕೈಕೈ ಹಿಡಿದುಕೊಂಡು ಜೋಡಿಯಾಗಿ ನಡೆಯುತ್ತಿರುತ್ತಾರೆ. ಹಾಗೆಯೇ 15ರಲ್ಲಿ ಸುಮಾರು 5 ಕ್ಯಾಲ್ಸಿಯಂ ಅಯಾನುಗಳು ನೀರಿನೊಳಗೇ 5 ಸಲ್ಫೇಟುಗಳ ಜೊತೆ ಜೋಡಿಯಾಗಿರುತ್ತವೆ. ಅವು ಕರಗಿರುವುದು ನಿಜ, ಆದರೆ ಬಿಡಿಯಾಗಿಲ್ಲ. ಬಿಡಿಯಾಗಿ ಉಳಿದದ್ದು 10. ಇನ್ನು ಈ ಹತ್ತಕ್ಕೂ ಗದ್ದಲದ ತೊಡಕಿದೆ. ಕ್ಯಾಲ್ಸಿಯಂ ಧನ ವಿದ್ಯುತ್ತಿನದು, ಸಲ್ಫೇಟ್ ಋಣ ವಿದ್ಯುತ್ತಿನದು. ಪ್ರತಿಯೊಂದರ ಸುತ್ತ ಎದುರು ಜಾತಿಯವರ ಗುಂಪು ಮುತ್ತಿ, ಅದರ ಜೋರನ್ನು ಕುಗ್ಗಿಸುತ್ತದೆ. ಇಷ್ಟು ಗದ್ದಲದಲ್ಲಿ ಒಂದೊಂದು ಅಯಾನು ಸುಮಾರು ಅರ್ಧ ಅಯಾನಿನಷ್ಟೇ ಲೆಕ್ಕಕ್ಕೆ ಬರುತ್ತದೆ. 10ರ ಅರ್ಧ 5. 5 ಗುಣಿಲೆ 5 ಅಂದರೆ 25. ಪುಸ್ತಕದ ಅಂಕ ಬಂದುಬಿಟ್ಟಿತು.

ಹೀಗೆ ಗುಣಲಬ್ಧವೆಂಬುದು ಬಿಡಿಯಾಗಿ ಓಡಾಡುವ, ಲೆಕ್ಕಕ್ಕೆ ಬರುವ ಅಯಾನುಗಳ ಮಾತು. ಹೊಲಕ್ಕೆ ಬೇಕಾದದ್ದು ಕರಗಿದ ಒಟ್ಟು ಮೊತ್ತದ ಮಾತು. ಪುಸ್ತಕದ ಅಂಕದಿಂದ ನೇರವಾಗಿ ಚೀಲಕ್ಕೆ ಬಂದರೆ ನೀರನ್ನು ಮೂರು ಪಟ್ಟು ಹೆಚ್ಚು ಹೇಳಿದಂತಾಗುತ್ತದೆ. ಪುಸ್ತಕದಿಂದ ಪುಸ್ತಕಕ್ಕೆ ಈ ಅಂಕ ತುಸು ಹೆಚ್ಚುಕಡಿಮೆ ಇರುವುದುಂಟು, ಅದರಿಂದ ನಮಗೆ ತೊಂದರೆಯಿಲ್ಲ.

ಬೇಸಿಗೆಯ ಬಿಸಿಗೂ ಮಳೆಗಾಲದ ತಂಪಿಗೂ ಜಿಪ್ಸಂ ಕರಗುವ ಪ್ರಮಾಣದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸವಿಲ್ಲ. ಆದ್ದರಿಂದ ಲೀಟರಿಗೆ ಎರಡೂವರೆ ಗ್ರಾಂ ಎಂಬುದನ್ನು ವರ್ಷವಿಡೀ ಹಿಡಿಯಬಹುದು.

ಹೊಲದ ಲೆಕ್ಕ

ಒಂದು ಎಕರೆಯ ಮೇಲೆ ಒಂದು ಅಂಗುಲ ನೀರು ನಿಂತರೆ ಅದು ಒಂದು ಲಕ್ಷ ಲೀಟರಿಗಿಂತ ತುಸು ಹೆಚ್ಚು. ಲೀಟರಿಗೆ ಎರಡೂವರೆ ಗ್ರಾಮಿನಂತೆ ಒಂದು ಲಕ್ಷ ಲೀಟರಿಗೆ ಎರಡೂವರೆ ಲಕ್ಷ ಗ್ರಾಂ, ಅಂದರೆ 250 ಕಿಲೋ. ಆದುದರಿಂದ ಈ ಸೂತ್ರವನ್ನು ಗೋಡೆಯ ಮೇಲೆ ಬರೆದಿಟ್ಟುಕೊಳ್ಳಿರಿ: ಎಕರೆಗೆ ಒಂದಂಗುಲ ನೀರು ಇಂಗಿದರೆ ಎರಡೂವರೆ ಕ್ವಿಂಟಲ್ ಜಿಪ್ಸಂ ಕರಗುತ್ತದೆ. ಹತ್ತು ಕ್ವಿಂಟಲಿಗೆ ನಾಲ್ಕು ಅಂಗುಲ. ಇಪ್ಪತ್ತು ಕ್ವಿಂಟಲಿಗೆ ಎಂಟು ಅಂಗುಲ.

ಇಂಗಿದರೆ ಎಂಬ ಮಾತನ್ನು ಮರೆಯಬೇಡಿರಿ. ಹರಿದು ಹಳ್ಳ ಸೇರಿದ ನೀರು ಈ ಲೆಕ್ಕಕ್ಕಿಲ್ಲ. ನಮ್ಮ ಕಡೆ ವರ್ಷಕ್ಕೆ ಸುಮಾರು ಮೂವತ್ತು ಅಂಗುಲ ಮಳೆಯಾದರೂ ಕರಲು ಹೊಲದಲ್ಲಿ ಬಹುಪಾಲು ಮೇಲೆಯೇ ಹರಿದುಹೋಗುತ್ತದೆ, ಉಳಿದದ್ದು ನಿಂತಲ್ಲೇ ಆವಿಯಾಗುತ್ತದೆ.

ಈಗ ಆ ಹಿರಿಯರ ಹೊಲದ ಲೆಕ್ಕ ಹಾಕಿ ನೋಡಿರಿ. ಅರ್ಧ ಎಕರೆ. ಇಪ್ಪತ್ತು ಚೀಲ, ಚೀಲಕ್ಕೆ 50 ಕಿಲೋ, ಒಟ್ಟು ಹತ್ತು ಕ್ವಿಂಟಲ್. ಅರ್ಧ ಎಕರೆಯಲ್ಲಿ ಒಂದಂಗುಲ ನೀರಿಗೆ ಕರಗುವುದು ಒಂದೂಕಾಲು ಕ್ವಿಂಟಲ್. ಹತ್ತು ಕ್ವಿಂಟಲಿಗೆ ಎಂಟು ಅಂಗುಲ ಇಂಗಬೇಕಿತ್ತು. ಅವರ ಬದು ಒಡೆದಿತ್ತು, ಹೊಲ ಇಳಿಜಾರು. ಬಾವಿಯಿಂದ ಒಂದು ಸಲ ಕೊಟ್ಟದ್ದನ್ನೂ ಮಳೆಯನ್ನೂ ಕೂಡಿಸಿ ಎರಡು ಅಂಗುಲ ಇಂಗಿತ್ತೆಂದು ಹಿಡಿದರೂ ಕರಗಿದ್ದು ಎರಡೂವರೆ ಕ್ವಿಂಟಲ್. ಉಳಿದ ಏಳೂವರೆ ಕ್ವಿಂಟಲ್ ನಾವು ಅಗೆದಾಗ ಕಂಡ ಬಿಳಿ ಗಂಟು. ಅವರ ರೊಕ್ಕ ಮಣ್ಣಿನಲ್ಲಿ ಹೋಗಿರಲಿಲ್ಲ, ಮಣ್ಣಿನಲ್ಲಿ ಕಾಯುತ್ತ ಕುಳಿತಿತ್ತು.

ಇನ್ನೊಂದು ಅನುಕೂಲದ ಮಾತೂ ಇದೆ. ಜಿಪ್ಸಮ್ಮನ್ನು ಮೇಲೆ ಚೆಲ್ಲಿ ಬಿಡದೆ ಮೇಲ್ಮಣ್ಣಿನ ಮೂರು ನಾಲ್ಕು ಅಂಗುಲದಲ್ಲಿ ಕುಂಟೆ ಹೊಡೆದು ಬೆರೆಸಿದರೆ, ಕರಗಿದ ಕ್ಯಾಲ್ಸಿಯಮ್ಮನ್ನು ಮಣ್ಣಿನ ಕಣ ಕೂಡಲೆ ಹಿಡಿದುಕೊಳ್ಳುತ್ತದೆ. ನೀರಿನಲ್ಲಿ ಕ್ಯಾಲ್ಸಿಯಂ ಕಡಿಮೆಯಾದಾಗ ಗುಣಲಬ್ಧ ಮಿತಿಗಿಂತ ಕೆಳಗಿಳಿಯುತ್ತದೆ, ಆ ಜಾಗ ತುಂಬಲು ಇನ್ನಷ್ಟು ಜಿಪ್ಸಂ ಕರಗುತ್ತದೆ. ಹೀಗೆ ಒಂದೇ ನೀರು ಸೂತ್ರಕ್ಕಿಂತ ಹೆಚ್ಚು ಕೆಲಸ ಮಾಡುವುದೂ ಉಂಟು. ಆದರೆ ಪುಡಿ ದಪ್ಪಗಿದ್ದರೆ, ನೀರು ಬೇಗ ಹರಿದುಹೋದರೆ, ಸೂತ್ರದಷ್ಟೂ ಕರಗಲಾರದು.

ಬಾವಿ ನೀರು ಉಪ್ಪಾಗಿದ್ದರೆ?

ಕೆಲವು ಬಾವಿಗಳ ನೀರಿನಲ್ಲಿ ಮೊದಲೇ ಸಲ್ಫೇಟ್ ಇರುತ್ತದೆ. ಆಗ ಏನಾಗುತ್ತದೆ? ಮಿತಿ ಮಾತ್ರ ಅದೇ 25. ಬಹಳ ಉಪ್ಪಾದ ಒಂದು ಬಾವಿಯಲ್ಲಿ ಲೆಕ್ಕಕ್ಕೆ ಬರುವ ಸಲ್ಫೇಟ್ 7.5 ಇದೆ ಎನ್ನೋಣ. ಜಿಪ್ಸಮ್ಮಿನಿಂದ 2.5 ಬಂದರೆ ಸಲ್ಫೇಟ್ ಒಟ್ಟು 10 ಆಯಿತು, ಕ್ಯಾಲ್ಸಿಯಂ 2.5. 10 ಗುಣಿಲೆ 2.5 ಅಂದರೆ 25. ಅಲ್ಲಿಗೆ ಮುಗಿಯಿತು. ಲೆಕ್ಕಕ್ಕೆ ಬರುವ 5ರ ಬದಲು 2.5. ಗದ್ದಲದಲ್ಲಿ ಅರ್ಧ ಲೆಕ್ಕವೆಂಬುದನ್ನು ನೆನೆದರೆ ಬಿಡಿಯಾಗಿರುವ ಕ್ಯಾಲ್ಸಿಯಂ 5, ಜೋಡಿಯಾಗಿರುವುದು 5, ಒಟ್ಟು 10. ಹದಿನೈದರ ಬದಲು ಹತ್ತೇ ಕರಗಿತು. ಒಂದಂಗುಲ ನೀರಿಗೆ ಎರಡೂವರೆಯ ಬದಲು ಒಂದೂಮುಕ್ಕಾಲು ಕ್ವಿಂಟಲ್ ಹಿಡಿಯಬೇಕು.

ಸಲ್ಫೇಟಾಗಲಿ ಕ್ಯಾಲ್ಸಿಯಮ್ಮಾಗಲಿ ಇಲ್ಲದ, ಬರೀ ಅಡಿಗೆ ಉಪ್ಪಿನಂಥ ಉಪ್ಪು ಇದ್ದರೆ ಗದ್ದಲ ಹೆಚ್ಚಾಗಿ ಜಿಪ್ಸಂ ತುಸು ಹೆಚ್ಚೇ ಕರಗುತ್ತದೆ. ಹಾಗೆಂದು ಉಪ್ಪುನೀರು ಹೊಲಕ್ಕೆ ಒಳ್ಳೆಯದೆಂದು ತಿಳಿಯಬಾರದು. ಎಲ್ಲಕ್ಕಿಂತ ಉತ್ತಮವಾದದ್ದು ಮಳೆನೀರು. ಅದು ಬರಿಗೈಯಲ್ಲಿ ಬರುತ್ತದೆ, ಆದ್ದರಿಂದ ಕೈತುಂಬ ಹೊತ್ತುಕೊಂಡು ಇಳಿಯುತ್ತದೆ.

ಫರಶಿ ಪುಡಿ ಹಾಕಿದರೆ ಸಾಲದೆ?

ಈ ಪ್ರಶ್ನೆಯನ್ನು ನನಗೆ ಹಲವರು ಕೇಳಿದ್ದಾರೆ. ಶಹಾಬಾದಿನ ಕಡೆ ಫರಶಿ ಕೊರೆಯುವಾಗ ಬೀಳುವ ಬಿಳಿ ಪುಡಿ ರಾಶಿರಾಶಿಯಾಗಿದೆ. "ಅದರಾಗೂ ಕ್ಯಾಲ್ಸಿಯಂ ಅದ ಅಂತೀರಿ. ಒಂದು ಟ್ರ್ಯಾಕ್ಟರ್ ತಂದು ಸುರುವಿದ್ರ ಆಗೂದಿಲ್ಲೇನು?" ಎನ್ನುತ್ತಾರೆ. ಕೇಳುವುದು ನ್ಯಾಯವೇ. ಶಹಾಬಾದ್ ಫರಶಿ ಸುಣ್ಣಕಲ್ಲು. ವಾಡಿ, ಸೇಡಂ ಕಡೆಯ ಸಿಮೆಂಟ್ ಕಾರ್ಖಾನೆಗಳು ನಡೆಯುವುದೂ ಸುಣ್ಣಕಲ್ಲಿನಿಂದಲೇ. ಅದರಲ್ಲಿ ತೂಕಕ್ಕೆ ತೂಕ ಜಿಪ್ಸಮ್ಮಿಗಿಂತ ಹೆಚ್ಚು ಕ್ಯಾಲ್ಸಿಯಂ ಇದೆ.

ಆದರೆ ಎಷ್ಟಿದೆ ಎಂಬುದಲ್ಲ, ಎಷ್ಟು ಕರಗುತ್ತದೆ ಎಂಬುದೇ ಪ್ರಶ್ನೆ. ಜಿಪ್ಸಮ್ಮಿನ ಗುಣಲಬ್ಧ 25 ಆದರೆ ಅದೇ ಅಳತೆಯಲ್ಲಿ ಸುಣ್ಣಕಲ್ಲಿನದು 0.0033. ಏಳು ಸಾವಿರ ಪಟ್ಟಿಗಿಂತಲೂ ಕಡಿಮೆ. ಶುದ್ಧ ನೀರಿನಲ್ಲಿ ಲೀಟರಿಗೆ ಹದಿನಾಲ್ಕು ಮಿಲಿಗ್ರಾಮಿನಷ್ಟು ಮಾತ್ರ ಕರಗುತ್ತದೆ. ಗಾಳಿಯಲ್ಲಿರುವ ಇಂಗಾಲಾಮ್ಲ ನೀರಿಗೆ ಸೇರಿದಾಗ ಐವತ್ತು ಮಿಲಿಗ್ರಾಮಿನ ಹತ್ತಿರಕ್ಕೆ ಏರುತ್ತದೆ. ಜಿಪ್ಸಮ್ಮಿನ 2,580ರ ಮುಂದೆ ಇದು ಐವತ್ತರಲ್ಲಿ ಒಂದು ಭಾಗ. ಅದಲ್ಲದೆ ಕರಲು ಮಣ್ಣಿನಲ್ಲಿ ಮೊದಲೇ ಕಾರ್ಬೋನೇಟ್ ತುಂಬಿರುತ್ತದೆ. ಉಪ್ಪು ಬಾವಿಯ ಲೆಕ್ಕದಂತೆ, ಒಂದು ಕಡೆ ಸಂಖ್ಯೆ ಮೊದಲೇ ದೊಡ್ಡದಿದ್ದರೆ ಇನ್ನೊಂದಕ್ಕೆ ಜಾಗವೇ ಇರುವುದಿಲ್ಲ. ಆದ್ದರಿಂದ ಅಲ್ಲಿ ಸುಣ್ಣಕಲ್ಲು ಕರಗುವುದು ಇಲ್ಲವೆಂಬಷ್ಟು ಕಡಿಮೆ.

ಇದಕ್ಕೆ ಸಾಕ್ಷಿ ನಿಮ್ಮ ಹೊಲದಲ್ಲಿಯೇ ಇದೆ. ನಮ್ಮ ಎರಿ ಭೂಮಿಯನ್ನು ಅಗೆದರೆ ಬಿಳಿ ಸುಣ್ಣದ ಗಂಟುಗಳು ಸಿಗುತ್ತವೆ. ಎಷ್ಟೋ ಕಾಲದಿಂದ ಅವು ಅಲ್ಲಿಯೇ ಇವೆ. ಅವುಗಳಿಂದ ಕರಲು ಹೋಗುವಂತಿದ್ದರೆ ಎಂದೋ ಹೋಗಬೇಕಾಗಿತ್ತು. ಮಣ್ಣಿಗೆ ಹಸಿರೆಲೆ ಗೊಬ್ಬರ ಸೇರಿಸಿದಾಗ ಅದು ಕೊಳೆತು ಇಂಗಾಲಾಮ್ಲ ಹುಟ್ಟಿ, ಈ ಗಂಟುಗಳನ್ನು ಸ್ವಲ್ಪ ಸ್ವಲ್ಪ ಕರಗಿಸುತ್ತದೆ. ಡಯಂಚ ಬೆಳೆದು ಹೊಲದಲ್ಲಿಯೇ ಮಗುಚಿರಿ ಎಂದು ಹೇಳುವುದಕ್ಕೆ ಇದೂ ಒಂದು ಕಾರಣ. ಅದು ಒಳ್ಳೆಯದೇ, ಆದರೆ ನಿಧಾನ. ಜಿಪ್ಸಮ್ಮಿಗೆ ಜೊತೆಯಾಗಿ ಮಾಡಬೇಕು. ಫರಶಿ ಪುಡಿಗೆ ಗಾಡಿ ಬಾಡಿಗೆ ಕೊಟ್ಟು ರೊಕ್ಕ ಕಳೆದುಕೊಳ್ಳಬೇಡಿರಿ.

ಪರೀಕ್ಷೆಯ ಕೋಣೆಯಲ್ಲಿಯೂ ಇದೇ ಲೆಕ್ಕ

ನಿಮ್ಮ ಹೊಲಕ್ಕೆ ಎಷ್ಟು ಜಿಪ್ಸಂ ಬೇಕೆಂದು ಪ್ರಯೋಗಶಾಲೆಯವರು ಹೇಗೆ ಹೇಳುತ್ತಾರೆ? ಅಮೆರಿಕದ ಕ್ಯಾಲಿಫೋರ್ನಿಯಾದ ಸ್ಕೂನೋವರ್ ಎಂಬವರು 1952ರಲ್ಲಿ ಕೊಟ್ಟ ವಿಧಾನ ಇಂದಿಗೂ ಬಳಕೆಯಲ್ಲಿದೆ. ಜಿಪ್ಸಂ ಕರಗಿ ತೃಪ್ತವಾದ 100 ಮಿಲಿಲೀಟರ್ ನೀರಿಗೆ 5 ಗ್ರಾಂ ಮಣ್ಣು ಹಾಕಿ ಅಲುಗಿಸಿ ಶೋಧಿಸುತ್ತಾರೆ. ಮೊದಲು ಎಷ್ಟು ಕ್ಯಾಲ್ಸಿಯಂ ಇತ್ತು, ಈಗ ಎಷ್ಟು ಉಳಿಯಿತು ಎಂದು ಇಡಿಟಿಎ ಹನಿಗಳಿಂದ ನೋಡುತ್ತಾರೆ. ಕಡಿಮೆಯಾದದ್ದನ್ನು ಮಣ್ಣು ನುಂಗಿತು ಎಂದರ್ಥ. ಮಣ್ಣಿಗೆ ಹಸಿವೆಷ್ಟು ಎಂಬುದನ್ನು ಮಣ್ಣಿನ ಬಾಯಿಂದಲೇ ಹೇಳಿಸಿದಂತೆ.

ಲೀಟರಿಗೆ 15 ಮಿಲಿಮೋಲ್ ಇದ್ದದ್ದು 14ಕ್ಕೆ ಇಳಿಯಿತು ಎನ್ನೋಣ. ನೋಡಲು ಸಣ್ಣ ಅಂತರ. ಆದರೆ ಒಂದು ಎಕರೆಯ ಆರಂಗುಲ ಮೇಲ್ಮಣ್ಣಿನ ತೂಕ ಸುಮಾರು 9 ಲಕ್ಷ ಕಿಲೋ. ಅಷ್ಟಕ್ಕೂ ಲೆಕ್ಕ ಹಾಕಿದರೆ 31 ಕ್ವಿಂಟಲ್ ಶುದ್ಧ ಜಿಪ್ಸಂ ಆಗುತ್ತದೆ. ಇದರಲ್ಲಿ ಅರ್ಧ ಹಾಕಿದರೂ ಸಾಕಾಗುವ ಬೆಳೆಗಳುಂಟು. ಎಷ್ಟು ಭಾಗ ಎಂಬುದನ್ನು ಬೆಳೆ ನೋಡಿ, ಆಳ ನೋಡಿ, ಕೃಷಿ ವಿಜ್ಞಾನ ಕೇಂದ್ರದವರು ಹೇಳುತ್ತಾರೆ. ಸವಳು ಕರಲು ಭೂಮಿಯ ವಿಷಯದಲ್ಲಿ ಗಂಗಾವತಿಯ ಕೃಷಿ ಸಂಶೋಧನಾ ಕೇಂದ್ರದವರು ತುಂಗಭದ್ರಾ ಕಾಲುವೆಯ ಕರಿಮಣ್ಣಿನಲ್ಲಿ ಬಹಳ ಕೆಲಸ ಮಾಡಿದ್ದಾರೆ. ಕಾಲುವೆ ನೀರು ಬಂದ ಮೇಲೆ ಬಸಿಯುವ ದಾರಿ ಮಾಡದಿದ್ದರೆ ಕರಿಮಣ್ಣು ಹೇಗೆ ಕೆಡುತ್ತದೆಂದು ಅಲ್ಲಿಯ ರೈತರು ಅನುಭವಿಸಿ ತಿಳಿದಿದ್ದಾರೆ. ನಮ್ಮ ಕಡೆ ಕಮಲಾಪುರದ ಕೆಂಪು ಬಾಳೆಗೆ ನೀರು ಕಟ್ಟುವವರೂ ಇದನ್ನು ಮನಸ್ಸಿನಲ್ಲಿಡಬೇಕು. ಬಾಳೆ ಉಪ್ಪನ್ನು ತಾಳದ ಬೆಳೆ.

ಮಾಡತಕ್ಕ ಕೆಲಸಗಳು

1. ಮೊದಲು ಮಣ್ಣು ಮತ್ತು ಬಾವಿ ನೀರು ಎರಡನ್ನೂ ಪರೀಕ್ಷೆ ಮಾಡಿಸಿರಿ. ಬರೀ ಸವಳು ಇದ್ದರೆ ಜಿಪ್ಸಮ್ಮಿಗೆ ಖರ್ಚು ಮಾಡಬೇಡಿರಿ.

2. ಜಿಪ್ಸಂ ತರುವ ಮುಂಚೆ ಬದು ಸರಿಪಡಿಸಿ ಹೊಲವನ್ನು ಸಮ ಮಾಡಿರಿ. ತಗ್ಗಿನ ಕಡೆ ಬಸಿಗಾಲುವೆ ತೆಗೆಯಿರಿ. ಎದ್ದ ಸೋಡಿಯಂ ಹೋಗಲು ದಾರಿಯಿಲ್ಲದಿದ್ದರೆ ಮಾಡಿದ್ದೆಲ್ಲ ವ್ಯರ್ಥ.

3. ಚೀಲದ ಮೇಲೆ ಶುದ್ಧತೆ ಎಷ್ಟೆಂದು ನೋಡಿರಿ. ನೂರಕ್ಕೆ 80 ಇದ್ದರೆ, ಎಂಟು ಕ್ವಿಂಟಲ್ ಬೇಕಾದಲ್ಲಿ ಹತ್ತು ಹಾಕಬೇಕು. ಪುಡಿ ನುಣ್ಣಗಿರಲಿ.

4. ಮಳೆಗಾಲದ ಮುಂಚೆ ಸಮನಾಗಿ ಚೆಲ್ಲಿ, ಮೂರು ನಾಲ್ಕು ಅಂಗುಲದಲ್ಲಿ ಬೆರೆಸಿರಿ. ಆಳಕ್ಕೆ ಹೂಳಬೇಡಿರಿ, ರಾಶಿ ಬಿಡಬೇಡಿರಿ.

5. ಎಕರೆಗೆ ಹಾಕಿದ ಕ್ವಿಂಟಲನ್ನು ಎರಡೂವರೆಯಿಂದ ಭಾಗಿಸಿರಿ. ಬಂದ ಉತ್ತರವೇ ಇಂಗಬೇಕಾದ ನೀರಿನ ಅಂಗುಲ. ಅಷ್ಟು ನೀರು ಸಿಗದಿದ್ದರೆ ಜಿಪ್ಸಮ್ಮನ್ನು ಎರಡು ವರ್ಷಕ್ಕೆ ಹಂಚಿ ಹಾಕಿರಿ. ಒಂದೇ ಸಲಕ್ಕೆ ಸುರುವಿ ಸಾಲ ಮಾಡಿಕೊಳ್ಳುವ ಕಾರಣವಿಲ್ಲ.

6. ಮೊದಲ ವರ್ಷ ಆ ತುಂಡಿನಲ್ಲಿ ಡಯಂಚ ಹಾಕಿ ಮಗುಚಿರಿ. ತೊಗರಿಯನ್ನು ಅವಸರದಿಂದ ಹಾಕಬೇಡಿರಿ. ಅದು ನಿಂತ ನೀರನ್ನೂ ಉಪ್ಪನ್ನೂ ತಾಳದು.

7. ಸುಗ್ಗಿಯಾದ ಮೇಲೆ ಸಲಿಕೆಯಿಂದ ಅಗೆದು ನೋಡಿರಿ. ಹಾಕಿದ ಬಿಳಿ ಪುಡಿ ಉಳಿದಿದ್ದರೆ ಹೊಸದಾಗಿ ಚೀಲ ಕೊಳ್ಳಬೇಡಿರಿ, ನೀರು ಇಂಗಿಸಿರಿ.

ಕುಸನೂರಿನ ಆ ಹಿರಿಯರು ಈ ಸಲ ಒಂದು ಚೀಲವನ್ನೂ ಕೊಳ್ಳಲಿಲ್ಲ. ಬದು ಕಟ್ಟಿದರು, ತಗ್ಗಿನಲ್ಲಿ ಕಾಲುವೆ ತೆಗೆದರು, ಉಳಿದಿದ್ದ ಪುಡಿಯನ್ನು ಕುಂಟೆ ಹೊಡೆದು ಬೆರೆಸಿದರು, ಮಳೆಯನ್ನು ಹೊಲದಲ್ಲಿಯೇ ಹಿಡಿದು ನಿಲ್ಲಿಸಿದರು. ಮೂರು ದಿನ ನಿಲ್ಲುತ್ತಿದ್ದ ನೀರು ಈಗ ಒಂದು ದಿನದಲ್ಲಿ ಇಂಗುತ್ತಿದೆ. ಡಯಂಚ ಎದೆಯೆತ್ತರ ಬಂದಿದೆ. ತೊಗರಿ ಹೇಗೆ ಬರುತ್ತದೆಂಬುದನ್ನು ಮುಂದಿನ ವರ್ಷ ನೋಡಬೇಕು. ಇನ್ನೂ ಅರ್ಧ ದಾರಿ ಇದೆ.

ಮೊನ್ನೆ ಅವರು ಬದುವಿನ ಮೇಲೆ ಕುಳಿತು ಕಡ್ಡಿಯಿಂದ ನೆಲದ ಮೇಲೆ ಲೆಕ್ಕ ಹಾಕುತ್ತಿದ್ದರು. "ಇಷ್ಟು ಮಳಿಗೆ ಮೂರು ಕ್ವಿಂಟಲ್ ಕರಗಿರಬೇಕು, ಅಲ್ಲೇನು?" ಎಂದು ಕೇಳಿದರು. ನಾನೂ ಕುಳಿತು ಕೂಡಿಸಿ ನೋಡಿದೆ. ಲೆಕ್ಕ ಸರಿಯಾಗಿತ್ತು.